ಸೆನ್ನೊಸುಕೆಯ ದನಿ

ಖಡ್ಗವೀರನೆಂದು ದೇಶವೆಲ್ಲ ಕೊಂಡಾಡುತ್ತಿದ್ದ ಚಿತ್ರನಟ ಮೊಮೊಯಿ ಸೆನ್ನೊಸುಕೆ ಆ ಬೆಳಿಗ್ಗೆ ಕ್ಯೋಟೊದಿಂದ ರೈಲು ಹತ್ತಿ ಒಸಾಕಾಕ್ಕೆ ಬಂದು, ಕುವಾಬಾತಾನ ಮನೆಯ ಚಾಪೆಗೆ ಹಣೆ ಮುಟ್ಟಿಸಿ ಕೂತ.

ಕುವಾಬಾತಾ ಕಸುಬಿನಲ್ಲಿ ಬೆನ್ಶಿ. ಮೂಕಿ ಚಿತ್ರ ಓಡುವಾಗ ಪರದೆಯ ಪಕ್ಕ ನಿಂತು ಪಾತ್ರಗಳಿಗೆಲ್ಲ ಮಾತು ಕೊಡುತ್ತಿದ್ದವನು. ಹನ್ನೊಂದು ವರ್ಷ ಸೆನ್ನೊಸುಕೆಯ ತುಟಿಗೆ ದನಿಯಾಗಿದ್ದ. ಆದರೆ ಇಬ್ಬರೂ ಎದುರಾದದ್ದು ಇದೇ ಮೊದಲು. ಮಾತಾಡುವ ಟಾಕಿ ಚಿತ್ರಗಳು ಬಂದ ಮೇಲೆ ಚಿತ್ರಮಂದಿರದವರು ಧ್ವನಿಪೆಟ್ಟಿಗೆ ಕೂರಿಸಿ ಅವನನ್ನು ಮನೆಗೆ ಕಳಿಸಿದ್ದರು. ಎರಡು ತಿಂಗಳಿಂದ ಅವನೂ ಹೆಂಡತಿ ತೋಮೆಯೂ ಕಾಗದದ ಚೀಲ ಅಂಟಿಸುತ್ತಿದ್ದರು.

ಸೆನ್ನೊಸುಕೆ ಬಂದ ಕಾರಣ ಹೇಳಿದ. ಹುಲಿಮುಖದ ಆ ಮನುಷ್ಯನ ದನಿ ಮೀಸೆ ಮೂಡದ ಹುಡುಗನದು. ಸಾಲದ್ದಕ್ಕೆ ಉತ್ತರದ ಹಳ್ಳಿಯ ರಾಗ ಬೇರೆ. ಧ್ವನಿಪರೀಕ್ಷೆಯಲ್ಲಿ ದೀಪ ಹಿಡಿಯುವವರೂ ನಕ್ಕಿದ್ದರಂತೆ. ತಿಂಗಳೊಳಗೆ ಸರಿಹೋಗದಿದ್ದರೆ ಬೇರೆ ನಟನನ್ನು ನೋಡಿಕೊಳ್ಳುತ್ತೇವೆ ಎಂದಿತ್ತು ಕಂಪನಿ.

"ಒಂದ್ಸಲ ಟೋಪಿ ಕೆಳಗೆಳ್ಕೊಂಡು ಹಿಂದಿನ ಸಾಲಲ್ಲಿ ಕೂತು ನಿಮ್ಮನ್ನ ಕೇಳಿದ್ದೆ, ಮೇಷ್ಟ್ರೇ. ಅದು ನನ್ನ ದನೀನೇ ಅಂತ ನಂಗೇ ಅನ್ನಿಸ್ಬಿಡ್ತು. ಅದನ್ನ ಕಲಿಸಿಕೊಡಿ."

ತೋಮೆ ಅಂಟಿನ ಬಟ್ಟಲು ಪಕ್ಕಕ್ಕಿಟ್ಟಳು. "ನಮ್ಮ ಒಲೆ ಆರಿದ್ದು ಸಾಲ್ದೇನ್ರೀ? ಬೂದಿಯಲ್ಲಿರೋ ಕೆಂಡಾನೂ ಕೇಳೋಕೆ ಬಂದ್ರಾ?"

ಸೆನ್ನೊಸುಕೆ ತಲೆ ತಗ್ಗಿಸಿದ. ಕುವಾಬಾತಾ ಒಂದೇ ಒಂದು ವಿಷಯ ಕೇಳಿದ: ಹೋದ ವರ್ಷದ ಚಿತ್ರದಲ್ಲಿ ತಾಯಿಯಿಂದ ಬೀಳ್ಕೊಳ್ಳುವಾಗ ನಿಜಕ್ಕೂ ಏನು ಹೇಳುತ್ತಿದ್ದಿರಿ?

"ಮಧ್ಯಾಹ್ನದ ಊಟಕ್ಕೆ ಹಾವುಮೀನು ಮಾಡಿದಾರಾ ಅಂತ ಕೇಳ್ತಿದ್ದೆ."

"ಗೊತ್ತಿತ್ತು. ನಾನು ತುಟಿ ಓದ್ತೀನಿ. ಅಲ್ಲಿ ನೀವು ಮೀನು ಕೇಳ್ತಿದ್ರಿ, ಇಲ್ಲಿ ನಾನು ಜನರನ್ನ ಅಳಿಸ್ತಿದ್ದೆ."

ಬೇಡವೆಂದರೂ ತೋಮೆಗೆ ನಗು ಬಂತು. ಅತಿಥಿ ಹೋದ ಮೇಲೆ ಅವಳು ಮತ್ತೆ ಮುಖ ಗಂಟಿಕ್ಕಿಕೊಂಡಾಗ ಕುವಾಬಾತಾ ಹೇಳಿದ: "ಈ ದನಿ ನನ್ನ ಜತೆ ಸಾಯೋದಕ್ಕಿಂತ ಅವರ ಬಾಯಲ್ಲಿ ಬದುಕಿರ್ಲಿ ಬಿಡು."

ಇಪ್ಪತ್ತಾರು ದಿನ ಪಾಠ ನಡೆಯಿತು. ಉಸಿರು ಎಲ್ಲಿ ಹಿಡಿಯಬೇಕು, ಕೋಪ ಬಂದಾಗ ದನಿ ಏರಿಸದೆ ಹೇಗೆ ಇಳಿಸಬೇಕು, ಅಳುವ ಮೊದಲು ಎಷ್ಟು ಹೊತ್ತು ಸುಮ್ಮನಿರಬೇಕು, ಎಲ್ಲವನ್ನೂ ಕುವಾಬಾತಾ ಕೊಟ್ಟ. ಕೊನೆಯ ದಿನ ಸೆನ್ನೊಸುಕೆ ಹೊರಗಿನಿಂದ ಕೂಗಿದಾಗ, ಪೇಟೆಗೆ ಹೋಗಿದ್ದ ಗಂಡನೇ ಬಂದನೆಂದು ತೋಮೆ ಕದ ತೆಗೆದಳು.

ಚಳಿಗಾಲಕ್ಕೆ ಚಿತ್ರ ಬಂತು. ಕುವಾಬಾತಾ ಟಿಕೆಟು ಕೊಂಡು ಜನರ ನಡುವೆ ಕೂತ. ಪರದೆಯ ಮೇಲೆ ಸೆನ್ನೊಸುಕೆ ಬಾಯಿ ತೆರೆದ. ಧ್ವನಿಪೆಟ್ಟಿಗೆಯಿಂದ ಹೊಮ್ಮಿದ್ದು ಕುವಾಬಾತಾನದೇ ಏರಿಳಿತ. ಜನ ಚಪ್ಪಾಳೆ ತಟ್ಟಿದರು.

ಪಕ್ಕದವನು ಕಣ್ಣೊರೆಸಿಕೊಂಡು ಇವನತ್ತ ಬಾಗಿದ. "ಅಂತೂ ಅವರ ನಿಜವಾದ ದನಿ ಕೇಳಿದ್ವಿ ನೋಡಿ. ಇಷ್ಟು ವರ್ಷ ಯಾವನೋ ಅಲ್ಲಿ ನಿಂತು ಕೂಗ್ತಿದ್ದ."

"ಹೂಂ" ಎಂದು ಕುವಾಬಾತಾ ಪಿಸುಗುಟ್ಟಿದ. ಗಟ್ಟಿಯಾಗಿ ಮಾತಾಡಿದರೆ, ಸೆನ್ನೊಸುಕೆಯನ್ನು ಅನುಕರಿಸುತ್ತಿದ್ದಾನೆಂದು ಪಕ್ಕದವನು ನಕ್ಕಾನೆಂಬ ಅಂಜಿಕೆ.