ಟೀ ಟ್ರೇ

ಸ್ಕಾರ್ಬರೋ ಕಡಲತೀರದ ನಾಟಕಮಂದಿರದ ಸೈಡ್‌ವಿಂಗಿನಲ್ಲಿ ಹೊರೇಸ್ ಟಿಡ್ಮಾರ್ಷ್ ಟ್ರೇ ಎತ್ತಿಕೊಂಡದ್ದೇ ಕಪ್ಪುಗಳು ಗಲಗಲ ಎನ್ನತೊಡಗಿದವು. ವೇಷ ತೊಡಿಸುವ ಎನಿಡ್ ಅವನ ಮುಂಗೈ ಹಿಡಿದಳು. "ಬೇಡ ಕಣೋ ಮುದುಕಾ. ಈ ನಡುಕ ನಿಜವಾದ್ದು ಅಂತ ಡೈರೆಕ್ಟರಿಗೆ ಗೊತ್ತಾದ್ರೆ ನಾಳೇನೇ ಮನೆಗೆ ಕಳಿಸ್ತಾನೆ."

"ಪುಕ್ಕಲು ಬಟ್ಲರ್ ಪಾತ್ರದಲ್ಲಿ ನಲವತ್ತು ವರ್ಷ ಕಷ್ಟಪಟ್ಟು ಕೈ ನಡುಗಿಸ್ದೆ. ಈಗ ಪುಕ್ಕಟೆ ಸಿಕ್ಕಿದೆ, ಬಿಡ್ತೀನಾ?" ಎಂದವನೇ ಹೊರೇಸ್ ರಂಗಕ್ಕೆ ನಡೆದ. ಜನ ನಕ್ಕರು.

ದೊಡ್ಡ ನಗು ಇದ್ದದ್ದು ಮುಂದೆ. ಮನೆಯೊಡತಿ ಗದರಿದ ಕೂಡಲೇ ಸದ್ದು ಗಪ್ಪನೆ ನಿಲ್ಲಬೇಕು. ಒಡತಿಯ ಪಾತ್ರದ ಮೋನಾ "ಸಾಕು, ನಿಲ್ಸು!" ಎಂದು ಗದರಿದಳು. ಸದ್ದು ನಿಲ್ಲಲಿಲ್ಲ. ಜನ ನಗಲಿಲ್ಲ, ಸೈಡ್‌ವಿಂಗಿನಲ್ಲಿ ಡೈರೆಕ್ಟರ್ ಹುಬ್ಬು ಗಂಟಿಕ್ಕಿದ.

ಹೊರೇಸ್ ಗತ್ತಿನಿಂದ ಮುಂದೆ ಬಂದು ಟ್ರೇಯನ್ನು ಅವಳ ಕೈಗೇ ಕೊಟ್ಟ. "ನೀವೇ ನಿಲ್ಸಿ ನೋಡಿ, ಅಮ್ಮಾವ್ರೇ." ಎರಡೂ ಕೈಗಳನ್ನು ಬೆನ್ನ ಹಿಂದೆ ಬಿಗಿಯಾಗಿ ಹೆಣೆದು ನೆಟ್ಟಗೆ ನಿಂತ. ಮೋನಾ ಅವನ ಕಣ್ಣನ್ನೇ ನೋಡಿದಳು. ಮರುಕ್ಷಣ ಅವಳ ಕೈಯಲ್ಲೂ ಕಪ್ಪುಗಳು ಗಲಗಲ ಕುಣಿದವು. ಜನ ಬಿದ್ದು ಬಿದ್ದು ನಕ್ಕರು.

ಅವನು ಒಳಗೆ ಬಂದಾಗ ಡೈರೆಕ್ಟರ್ ನಗುತ್ತಾ ಕಣ್ಣೊರೆಸಿಕೊಳ್ಳುತ್ತಿದ್ದ. "ನಾಳೆಯಿಂದ ದಿನಾ ಹೀಗೇ ಮಾಡಿ ಸಾರ್!"

"ಮಾಡೋಣ," ಎಂದ ಹೊರೇಸ್. ಬೆನ್ನ ಹಿಂದೆ ಹೆಣೆದ ಕೈಗಳನ್ನು ಮಾತ್ರ ಬಿಡಲಿಲ್ಲ.