ತಂಗಿಯ ಕೋಣೆ

ಮಂಚ ಮತ್ತೆ ಜಾಗ ಬಿಟ್ಟು ಸರಿದಿತ್ತು.

ಕಲಾವಿದೆ ಹೊಸ್ತಿಲಲ್ಲೇ ನಿಂತಳು. ಹಿಂದಿನ ಸಂಜೆ ಅಪ್ಪನೂ ಅವಳೂ ಸೇರಿ ಅದನ್ನು ಕಿಟಕಿಯ ಕೆಳಗೆ ತಳ್ಳಿಟ್ಟಿದ್ದರು. ಈಗ ನೋಡಿದರೆ ಬಾಗಿಲ ಬಳಿ ಬಂದಿದೆ, ಒಬ್ಬರು ಮೈ ಓರೆ ಮಾಡಿ ನುಸುಳುವಷ್ಟೇ ಜಾಗ ಬಿಟ್ಟು.

"ಯಾರು ಸರಿಸಿದ್ದು?"

"ಗೊತ್ತಿಲ್ಲ ಮೇಡಂ," ಎಂದಳು ಟಿಕೆಟ್ ಕೊಡುವಾಕೆ. "ಒಬ್ಬೊಬ್ಬರನ್ನೇ ಒಳಗೆ ಬಿಡ್ತೀನಿ, ಬಾಗಿಲು ಹಾಕ್ತೀನಿ. ಏನು ಬೇಕಾದ್ರೂ ಮಾಡ್ಲಿ ಅಂತ ನೀವೇ ಹೇಳಿದ್ರಲ್ವಾ?"

ಹೇಳಿದ್ದು ನಿಜ. ಈ ಕೃತಿಯ ಜೀವವೇ ಅದು. ಹಳೆಯ ಗೋದಾಮಿನೊಳಗೆ ಅವಳು ತನ್ನ ತಂಗಿಯ ಕೋಣೆಯನ್ನು ಕಟ್ಟಿ ನಿಲ್ಲಿಸಿದ್ದಳು. ಉಳಿದದ್ದು ಬಂದವರ ಕೈಗೆ. ತಂಗಿಯನ್ನು ಬಲ್ಲವರು ನೆನಪಿದ್ದದ್ದನ್ನು ತಂದಿಡಬೇಕು, ತಪ್ಪಿದ್ದರೆ ತಿದ್ದಬೇಕು. ಗೆಳತಿಯೊಬ್ಬಳು ಹಲ್ಲು ಮುರಿದ ಬಾಚಣಿಗೆ ತಂದಳು. ಪಕ್ಕದ ಮನೆಯಾಕೆ ಪರದೆಯ ಬಣ್ಣ ಬದಲಾಯಿಸಿದಳು. ಸಂಗೀತದ ಮೇಷ್ಟ್ರು ಕೊಟ್ಟ ಹಳೆಯ ಧ್ವನಿಮುದ್ರಣದಲ್ಲಿ ತಂಗಿ ತಾಳ ತಪ್ಪಿ ನಗುತ್ತಿದ್ದಳು; ಆ ನಗು ಆಗಾಗ ಗೋಡೆಯೊಳಗಿಂದ ಕೇಳಿಬರುತ್ತಿತ್ತು.

ಎಷ್ಟೋ ವರ್ಷಗಳ ಹಿಂದಿನ ಮಾತು. ಕಲಾವಿದೆ ಆಗ ಓದಲೆಂದು ಬೇರೆ ಊರಿನ ಹಾಸ್ಟೆಲಿನಲ್ಲಿದ್ದಳು. ಸೇತುವೆಯ ಮೇಲೆ ತಂಗಿಯ ಸೈಕಲ್ ಸಿಕ್ಕಿತೆಂದು ಫೋನ್ ಬಂತು. ತಂಗಿ ಸಿಗಲಿಲ್ಲ. ಹೊಳೆ ತುಂಬಿ ಹರಿಯುತ್ತಿತ್ತು. ಸತ್ತಳೆಂದೇ ಎಲ್ಲರೂ ನಂಬಿದರು. ಅಮ್ಮ ಆ ಕೊರಗಿನಲ್ಲೇ ಕಣ್ಣು ಮುಚ್ಚಿದಳು.

ಕೋಣೆಯಲ್ಲಿ ದೆವ್ವವಿದೆ ಎಂಬ ಸುದ್ದಿ ಹಬ್ಬಿ ಜನ ಮುಗಿಬಿದ್ದರು. ಕಲಾವಿದೆ ಮೊದಮೊದಲು ನಕ್ಕಳು. ಆದರೆ ಒಮ್ಮೆ ಒಬ್ಬಳೇ ಒಳಗೆ ಹೋಗಿ ಹೊದಿಕೆ ಮುಟ್ಟಿದರೆ ಬೆಚ್ಚಗಿತ್ತು, ಯಾರೋ ಈಗಷ್ಟೇ ಎದ್ದುಹೋದಂತೆ. ಅಂದಿನಿಂದ ನಗು ಅಡಗಿತು.

ಅಪ್ಪ ದಿನವೂ ಸಂಜೆ ಬಾಗಿಲು ಮುಚ್ಚುವ ಹೊತ್ತಿಗೆ ಬರುತ್ತಿದ್ದರು. ಮಂಚ ಸರಿದದ್ದು ಕಂಡರೆ ಅವರ ಮುಖ ಕಪ್ಪಿಡುತ್ತಿತ್ತು.

"ಅದರ ಜಾಗ ಕಿಟಕಿ ಕೆಳಗೆ. ನಾನೇ ಎಷ್ಟು ಸಲ ಎಳೆದು ಹಾಕಿದ್ದೀನಿ," ಎಂದರು. "ಸಾಕಮ್ಮ, ಮುಚ್ಚಿಬಿಡು ಇದನ್ನ. ಹೋದವಳು ಹೋದ್ಲು."

ಮಗಳನ್ನು ಕಳೆದುಕೊಂಡ ಸಂಕಟ, ಪಾಪ, ಎಂದುಕೊಂಡು ಕಲಾವಿದೆ ಅವರ ಬೆನ್ನು ಸವರಿದಳು. ಊರಿಗೆಲ್ಲ ಬೇಕಾದ ಮನುಷ್ಯ. ದನಿ ಎತ್ತಿದ್ದನ್ನೇ ಅವಳು ಕೇಳಿರಲಿಲ್ಲ.

ಪ್ರದರ್ಶನದ ಕೊನೆಯ ದಿನ ಅಪ್ಪ ಮಧ್ಯಾಹ್ನವೇ ಬಂದರು. ಸಾಲಿನಲ್ಲಿ ನಿಂತವರನ್ನು ಮಾತಾಡಿಸಿದರು, ನಗಿಸಿದರು. ಒಳಗೆ ಹೋಗಿದ್ದ ಒಬ್ಬ ಹೆಂಗಸು ಮಾತ್ರ ಎಷ್ಟು ಹೊತ್ತಾದರೂ ಹೊರಗೆ ಬರಲಿಲ್ಲ.

"ಮಾಸ್ಕ್ ಹಾಕ್ಕೊಂಡಿದ್ರು ಮೇಡಂ," ಟಿಕೆಟ್ ಕೊಡುವಾಕೆ ಪಿಸುಗುಟ್ಟಿದಳು. "ಮುಂಚೆನೂ ಬಂದಿದ್ದಾರೆ."

ಅಪ್ಪ ಬಾಗಿಲು ತಟ್ಟಿದರು. "ಹೊತ್ತಾಯ್ತು ತಾಯಿ. ಬೇರೆಯವರೂ ನೋಡ್ಬೇಕಲ್ಲ?"

ಒಳಗೆ ಮರದ ಕಾಲುಗಳು ನೆಲ ಕೆರೆದ ಸದ್ದು. ಕಲಾವಿದೆ ಬಾಗಿಲು ನೂಕಿದಳು. ಮಂಚ ಅಡ್ಡ ಬಂದಿತ್ತು. ಬಾಗಿಲು ಕೂದಲೆಳೆಯಷ್ಟೂ ಸರಿಯಲಿಲ್ಲ.

ಅಪ್ಪನ ಕುತ್ತಿಗೆಯ ನರ ಉಬ್ಬಿತು. ಮುಷ್ಟಿ ಬಾಗಿಲಿಗೆ ಅಪ್ಪಳಿಸಿತು.

"ತೆಗೀತೀಯೋ ಇಲ್ವೋ? ಒಳಗೆ ಬಂದೆ ಅಂದ್ರೆ ಚರ್ಮ ಸುಲಿದುಬಿಡ್ತೀನಿ!"

ಸಾಲಿನಲ್ಲಿದ್ದವರು ಹಿಂದೆ ಸರಿದರು. ಅದು ಯಾರ ದನಿ ಎಂದು ಕಲಾವಿದೆಗೇ ಒಂದು ಕ್ಷಣ ತಿಳಿಯಲಿಲ್ಲ. ಅಪ್ಪ ಸುತ್ತ ನೋಡಿದರು. ಕಾಲರ್ ಸರಿಮಾಡಿಕೊಂಡು, ಯಾರ ಕಣ್ಣನ್ನೂ ಎದುರಿಸದೆ, ದುಡುದುಡು ಹೊರಟುಹೋದರು.

ಅವಳು ಬಾಗಿಲ ಸಂದಿಗೆ ಬಾಯಿಟ್ಟಳು. "ಯಾರಮ್ಮ ಅದು? ಹೆದರ್ಬೇಡಿ. ಬಾಗಿಲ ಹತ್ರ ನಾನೊಬ್ಬಳೇ ಇದ್ದೀನಿ."

ಆಚೆಯಿಂದ ಉಸಿರು ಕೇಳಿಸಿತು. ಆಮೇಲೆ, ವಯಸ್ಸಿನಿಂದ ಒರಟಾದ ಒಂದು ದನಿ:

"ಅಕ್ಕಾ... ಅಪ್ಪ ಹೋದ್ರಾ?"