ಸಿಂಹಕ್ಕೆ ವರ್ಗಾವಣೆ

ಎರಡು ಜೀಬ್ರಾಗಳಿಗೆ ಬದಲಾಗಿ ತನ್ನನ್ನು ದೂರದ ಮೃಗಾಲಯಕ್ಕೆ ಕಳಿಸುತ್ತಾರೆಂದು ಕಾವಲುಗಾರರ ಮಾತಿನಿಂದ ತಿಳಿದು ಸಿಂಹ ಕುಸಿದು ಕೂತ. ಅವಮಾನವನ್ನಾದರೂ ನುಂಗಬಹುದಿತ್ತು, ಹೆಂಡತಿಯನ್ನು ಬಿಟ್ಟಿರುವುದು ಅವನಿಂದಾಗದ ಮಾತು.

"ಅಳ್ತಾ ಕೂತ್ರೆ ಆಗುತ್ತಾ?" ಎಂದಳು ಸಿಂಹಿಣಿ. "ನಾಳೆ ಡಾಕ್ಟ್ರು ಬಂದಾಗ ಕುಂಟಿ. ಕಾಯಿಲೆ ಪ್ರಾಣಿನ ಯಾರೂ ಲಾರಿ ಹತ್ತಿಸಲ್ಲ."

"ಕಾಡಿನ ರಾಜ ಕುಂಟೋದಾ?"

"ಯಾವ ಕಾಡು? ನೀವು ಹುಟ್ಟಿದ್ದೇ ಈ ಬೋನಲ್ಲಿ. ಹ್ಞೂಂ, ಏಳಿ. ಎಡಗಾಲು ಎತ್ತಿ. ಇನ್ನೊಂಚೂರು ನರಳಿ."

ಸಂಜೆಯೆಲ್ಲ ಅವಳು ತಿದ್ದಿ ತೀಡಿ ಕಲಿಸಿದಳು. ಹೆಂಡತಿಯ ಪ್ರೀತಿ ಕಂಡು ಸಿಂಹದ ಕಣ್ಣು ತುಂಬಿಬಂತು. ಮರುದಿನ ಅವನು ಎಷ್ಟು ಸೊಗಸಾಗಿ ಕುಂಟಿದನೆಂದರೆ ಬೇಲಿಯಾಚೆ ನಿಂತಿದ್ದ ಮಕ್ಕಳು ಅತ್ತೇಬಿಟ್ಟರು.

"ಈ ಗಂಡು ಪ್ರಯಾಣ ತಡ್ಕೊಳ್ಳಲ್ಲ," ಡಾಕ್ಟರು ತಲೆಯಾಡಿಸಿದರು. "ಹೆಣ್ಣನ್ನೇ ಕಳಿಸಿ."

ಸಾಗಿಸುವ ಪೆಟ್ಟಿಗೆಯ ಬಾಗಿಲು ತೆರೆದದ್ದೇ ತಡ, ಸಿಂಹಿಣಿ ಒಳಗೆ ಹೋಗಿ ಕೂತಳು.

ಸಿಂಹ ನಾಲ್ಕೂ ಕಾಲೂರಿ ನೆಗೆದು ಬಂದ. "ನನ್ನ ಕಾಲಿಗೇನೂ ಆಗಿಲ್ಲ! ಅವಳನ್ನ ಬಿಡಿ!"

"ಶ್, ಕುಂಟ್ರೀ ಸುಮ್ನೆ," ಒಳಗಿಂದ ಸಿಂಹಿಣಿ ಗದರಿದಳು. "ಲಾರಿ ಗೇಟು ದಾಟೋವರೆಗಾದ್ರೂ ಕುಂಟಿ."